ಬಲ ಮತ್ತು ಚಲನೆ ಪಾಠ: ಟೆಸ್ಟಿನಲ್ಲಿ 18-19 ಅಂಕ, ಆದರೆ ಮೇಲೆ ಎಸೆದ ಸೀಮೆಸುಣ್ಣದ ಪ್ರಶ್ನೆಗೆ ಇಡೀ ಕ್ಲಾಸು ತಪ್ಪು. ಟೆಸ್ಟ್ ಹೇಗೆ ತೆಗೆಯಬೇಕು?

ಪ್ರಶ್ನೆ: ಹೈಸ್ಕೂಲ್ ವಿಜ್ಞಾನ ಶಿಕ್ಷಕಿ, ಹಾವೇರಿ ಜಿಲ್ಲೆ

ಎಲ್ಲರಿಗೂ ನಮಸ್ಕಾರ. ಬ್ಯಾಡಗಿ ಕಡೆಯ ಒಂದು ಹಳ್ಳಿಯ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳುತ್ತೇನೆ. ಕನ್ನಡ ಮಾಧ್ಯಮ. ಒಂಬತ್ತನೇ ತರಗತಿಗೆ ಚಲನೆ ಪಾಠ, ಆಮೇಲೆ ಬಲ ಮತ್ತು ಚಲನೆಯ ನಿಯಮಗಳ ಪಾಠ, ಎರಡೂ ಮುಗಿಸಿ ಹೋದ ವಾರ 20 ಅಂಕದ ಟೆಸ್ಟ್ ಕೊಟ್ಟೆ. ಜಾಸ್ತಿ ಮಕ್ಕಳು 15 ದಾಟಿದ್ದಾರೆ. ನ್ಯೂಟನ್ನನ ಮೂರು ನಿಯಮಗಳನ್ನು ಒಂದಕ್ಷರ ಬಿಡದೆ ಬರೆದಿದ್ದಾರೆ. 1000 ಕೆಜಿ ಕಾರು ನಿಂತಲ್ಲಿಂದ ಹೊರಟು 10 ಸೆಕೆಂಡಿಗೆ 20 ಮೀ/ಸೆ ವೇಗ ಮುಟ್ಟಿದರೆ ಬಲ ಎಷ್ಟು ಅಂತ ಕೇಳಿದ್ದೆ. ವೇಗೋತ್ಕರ್ಷ (ಸೆಕೆಂಡಿಗೆ ಏರುವ ವೇಗ) 2, ಬಲ 2000 ನ್ಯೂಟನ್ ಅಂತ ಹಂತ ಹಂತವಾಗಿ ಬಂದಿದೆ. ನನಗೆ ಬಹಳ ಖುಷಿಯಾಗಿತ್ತು.

ಪೇಪರ್ ಹಂಚಿದ ದಿನ ಬೆಲ್ಲಿಗೆ ಇನ್ನೂ ಐದು ನಿಮಿಷ ಇತ್ತು. ಕೈಯಲ್ಲಿದ್ದ ಸೀಮೆಸುಣ್ಣವನ್ನು ಮೇಲೆ ಎಸೆದು ಹಿಡಿದೆ. ‘ಇದು ಕೈ ಬಿಟ್ಟಾಗಿದೆ, ಇನ್ನೂ ಮೇಲೆ ಹೋಗ್ತಾ ಇದೆ, ಆಗ ಇದರ ಮೇಲೆ ಬಲ ಯಾವ ಕಡೆಗೆ?’ ಅಂತ ಸುಮ್ನೆ ಕೇಳಿದೆ. ಎಲ್ಲರೂ ಒಂದೇ ದನಿಯಲ್ಲಿ ‘ಮ್ಯಾಲಕ್ರೀ’ ಅಂದರು. ತುತ್ತತುದಿಯಲ್ಲಿ? ‘ಸೊನ್ನೆರೀ.’ ಇಳಿಯುವಾಗ? ‘ಕೆಳಕ್ರೀ.’ 19 ಅಂಕ ತೆಗೆದ ಹುಡುಗಿ ಎದ್ದು ನಿಂತು ಬಿಡಿಸಿ ಹೇಳಿದಳು: ‘ನೀವು ಒಗದಾಗ ಅದರೊಳಗ ಕಸುವು ಹೋಗಿರ್ತೈತ್ರೀ. ಮ್ಯಾಲ ಹೋಗಿ ಹೋಗಿ ಕಸುವು ಮುಗೀತೈತಿ. ಮುಗದ ಮ್ಯಾಲ ಬೀಳ್ತೈತಿ.’

ಸರಿ ಉತ್ತರ ಮೂರೂ ಸಲ ಕೆಳಕ್ಕೆ, ಭೂಮಿಯ ಸೆಳೆತ ಒಂದೇ. ಆದರೆ ಅಷ್ಟು ಸ್ಪಷ್ಟವಾಗಿ ಹೇಳಿದಳು ಅಂದರೆ ತಕ್ಷಣ ತಪ್ಪು ಅನ್ನೋಕೆ ನನಗೆ ಬಾಯಿ ಬರಲಿಲ್ಲ. ಮನೆಗೆ ಬಂದ ಮೇಲೂ ಅದೇ ತಲೆಯಲ್ಲಿ. ನಾನು 20 ಅಂಕಕ್ಕೆ ಅಳೆದದ್ದಾದರೂ ಏನನ್ನು? ನೆನಪಿನ ಶಕ್ತಿ ಮತ್ತು ಗುಣಾಕಾರ, ಅಷ್ಟೇ ಅಲ್ವಾ? ಮಗುವಿನ ತಲೆಯಲ್ಲಿ ಬಲ ಅಂದರೆ ಏನಿದೆ ಅಂತ ತೋರಿಸುವ ಟೆಸ್ಟ್ ಹೇಗೆ ತೆಗೆಯುವುದು? ನಮ್ಮಲ್ಲಿ ಲ್ಯಾಬ್ ಅಂದರೆ ಒಂದು ಬೀರು. ಜೆರಾಕ್ಸ್ ತೆಗೆಸಬೇಕಾದರೆ ಪೇಟೆಗೆ ಹೋಗಬೇಕು. ಇದನ್ನೂ ಗಮನದಲ್ಲಿಟ್ಟು ಹೇಳಿ.

ಉತ್ತರ 1: ನಿವೃತ್ತ ಭೌತಶಾಸ್ತ್ರ ಮೇಷ್ಟ್ರು, ಧಾರವಾಡ

ಮೇಡಂ, ಮೊದಲು ಆ ಹುಡುಗಿಯ ಬಗ್ಗೆ ಒಂದು ಮಾತು. ಅವಳು ಹೇಳಿದ್ದನ್ನು ಆರನೇ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದ ತತ್ವಜ್ಞಾನಿ ಫಿಲೋಪೊನಸ್ ಹೇಳಿದ್ದ. 14ನೇ ಶತಮಾನದಲ್ಲಿ ಪ್ಯಾರಿಸ್ಸಿನ ಬುರಿಡಾನ್ ಅದನ್ನೇ ಇನ್ನೂ ಗಟ್ಟಿಯಾಗಿ ಹೇಳಿ ‘ಇಂಪೆಟಸ್’ ಅಂತ ಹೆಸರಿಟ್ಟ. ಎಸೆದವನು ವಸ್ತುವಿನೊಳಗೆ ಏನೋ ಒಂದನ್ನು ತುಂಬುತ್ತಾನೆ, ಅದು ಇರುವ ತನಕ ವಸ್ತು ಓಡುತ್ತದೆ ಅಂತ. ನಮ್ಮ ಕಡೆಯ ‘ಕಸುವು’ ಅಂದರೆ ಹೆಚ್ಚುಕಮ್ಮಿ ಅದೇ. ದೊಡ್ಡ ದೊಡ್ಡ ತಲೆಗಳು ಶತಮಾನಗಟ್ಟಲೆ ನಂಬಿದ್ದ ವಿಚಾರ ಅದು. ಮಗು ದಡ್ಡತನದಿಂದ ಹೇಳಿದ್ದಲ್ಲ. ಗೋಲಿ ಆಡಿ, ಚಿನ್ನಿದಾಂಡು ಹೊಡೆದು, ಬಾವಿಯಿಂದ ನೀರು ಸೇದಿ ಕಟ್ಟಿಕೊಂಡ ತಿಳಿವಳಿಕೆ ಅದು.

ಇದನ್ನು ಅಳೆಯುವ ಒಂದು ಟೆಸ್ಟ್ ಆಗಲೇ ಇದೆ. ಫೋರ್ಸ್ ಕಾನ್ಸೆಪ್ಟ್ ಇನ್ವೆಂಟರಿ ಅಂತ ಹೆಸರು, 1992ರಲ್ಲಿ ಅಮೆರಿಕದ ಅರಿಜೋನಾದಲ್ಲಿ ಹೆಸ್ಟೆನಿಸ್, ವೆಲ್ಸ್, ಸ್ವಾಕ್‌ಹ್ಯಾಮರ್ ಅನ್ನುವ ಮೂವರು ಪ್ರಕಟಿಸಿದ್ದು. ವೆಲ್ಸ್ ಹೈಸ್ಕೂಲ್ ಮೇಷ್ಟ್ರು, ಅಂದರೆ ನಿಮ್ಮ ಹಾಗೆ ಮಕ್ಕಳ ಮುಂದೆ ನಿಂತವರು. ಈಗ ಬಳಕೆಯಲ್ಲಿರುವ ರೂಪದಲ್ಲಿ 30 ಪ್ರಶ್ನೆ, ಪ್ರತಿಯೊಂದಕ್ಕೂ ಐದು ಆಯ್ಕೆ. ಲೆಕ್ಕ ಒಂದೂ ಇಲ್ಲ. ಸೂತ್ರ ಬೇಡ, ಕ್ಯಾಲ್ಕುಲೇಟರ್ ಬೇಡ. ಅದರ ಜೀವ ಇರುವುದು ತಪ್ಪು ಆಯ್ಕೆಗಳಲ್ಲಿ. ನಾವು ಬಹು ಆಯ್ಕೆ ಪ್ರಶ್ನೆ ಮಾಡುವಾಗ ಒಂದು ಸರಿ ಉತ್ತರ ಬರೆದು, ಉಳಿದ ಮೂರು ಜಾಗಕ್ಕೆ ಬಾಯಿಗೆ ಬಂದದ್ದು ತುಂಬಿಸುತ್ತೇವೆ. ಅಲ್ಲಿ ಹಾಗಲ್ಲ. ಮಕ್ಕಳು ನಿಜವಾಗಿ ಏನು ಯೋಚಿಸುತ್ತಾರೋ ಅದನ್ನೇ ಆಯ್ಕೆಯಾಗಿ ಇಟ್ಟಿದ್ದಾರೆ. ಹೀಗಾಗಿ ತಪ್ಪು ಗುರುತು ಹಾಕಿದ ಮಗು ತನ್ನ ತಲೆಯಲ್ಲಿರುವುದನ್ನು ನಿಮಗೆ ತೆರೆದು ತೋರಿಸುತ್ತದೆ.

ಹಾರ್ವರ್ಡಿನಲ್ಲಿ ಎರಿಕ್ ಮಜೂರ್ ಅನ್ನುವ ಪ್ರೊಫೆಸರು ಇಂಥದ್ದೇ ಟೆಸ್ಟ್ ಕೊಟ್ಟಾಗ ಒಬ್ಬ ವಿದ್ಯಾರ್ಥಿನಿ, ನೀವು ಕಲಿಸಿದ ಹಾಗೆ ಉತ್ತರಿಸಬೇಕೋ ಅಥವಾ ನಾನು ಮಾಮೂಲಿ ಯೋಚಿಸುವ ಹಾಗೋ ಅಂತ ಕೇಳಿದಳಂತೆ. ಅವರೇ ಇದನ್ನು ಹಲವು ಕಡೆ ಹೇಳಿಕೊಂಡಿದ್ದಾರೆ. ಹಾರ್ವರ್ಡಿನಲ್ಲೇ ಹೀಗಾದರೆ ಬ್ಯಾಡಗಿಯ ಮಕ್ಕಳ ಬಗ್ಗೆ ನೀವು ಬೇಜಾರು ಮಾಡಿಕೊಳ್ಳಬೇಕಾಗಿಲ್ಲ.

ಆ ಟೆಸ್ಟನ್ನು ಇದ್ದ ಹಾಗೆ ಕನ್ನಡಕ್ಕೆ ಇಳಿಸಿ ಹಂಚಬೇಡಿ. ಒಂದು ಸಲ ಪ್ರಶ್ನೆ ಹೊರಗೆ ಬಿದ್ದರೆ ಗೈಡಿನಲ್ಲಿ ಬರುತ್ತವೆ, ಬಾಯಿಪಾಠ ಆಗುತ್ತವೆ, ಅಲ್ಲಿಗೆ ಟೆಸ್ಟಿನ ಕಥೆ ಮುಗಿಯಿತು. ಅದರ ದಾರಿ ಹಿಡಿಯಿರಿ, ಪ್ರಶ್ನೆ ನಿಮ್ಮದೇ ಇರಲಿ. ನಿಮ್ಮ ಹುಡುಗಿಯ ವಾಕ್ಯವೇ ಮೊದಲ ಪ್ರಶ್ನೆಯ ಒಂದು ಆಯ್ಕೆ ಆಗಲಿ, ಅವಳ ಮಾತಿನಲ್ಲೇ.

ಇನ್ನೊಂದು, ಭಾಷೆಯ ತೊಡಕು. ಪುಸ್ತಕದಲ್ಲಿ ಜವ ಬೇರೆ, ವೇಗ ಬೇರೆ. ವೇಗಕ್ಕೆ ದಿಕ್ಕು ಇರಬೇಕು. ಮನೆಯಲ್ಲಿ, ಬೀದಿಯಲ್ಲಿ ಜವ ಅನ್ನುವ ಮಾತನ್ನು ಯಾರೂ ಆಡುವುದಿಲ್ಲ, ಎಲ್ಲದಕ್ಕೂ ವೇಗ ಇಲ್ಲವೇ ಸ್ಪೀಡು. ಬಲ ಅಂದರೆ ತಾಕತ್ತು. ‘ಅಂವಗ ಬಲ ಐತಿ’ ಅಂತೀವಿ, ಅಂದರೆ ಬಲ ಒಬ್ಬರ ಒಳಗೆ ಇರುವ ವಸ್ತು. ಭೌತಶಾಸ್ತ್ರದ ಬಲ ಯಾರ ಒಳಗೂ ಇರುವುದಿಲ್ಲ, ಅದು ಎರಡು ವಸ್ತುಗಳ ನಡುವೆ ನಡೆಯುವ ವ್ಯವಹಾರ. ತೂಕದ್ದೂ ಅದೇ ಕಥೆ. ಎಪಿಎಂಸಿಯಲ್ಲಿ ಮೆಣಸಿನಕಾಯಿ ಚೀಲದ ತೂಕ ಕೆಜಿಯಲ್ಲಿ, ಪುಸ್ತಕದಲ್ಲಿ ತೂಕ ನ್ಯೂಟನ್ನಿನಲ್ಲಿ. 10 ಕೆಜಿ ಚೀಲದ ತೂಕ 98 ನ್ಯೂಟನ್ ಅಂತ ಬರೆಯುವ ಮಗು ಅದನ್ನು ನಂಬಿ ಬರೆಯುತ್ತಿದೆಯೋ, ನೀವು ಹೇಳಿದ್ದೀರಿ ಅಂತ ಬರೆಯುತ್ತಿದೆಯೋ ನೋಡಬೇಕು.

ಹೀಗಾಗಿ ನಾನು ಕ್ಲಾಸಿನಲ್ಲಿ ಒಂದು ರೂಢಿ ಹಾಕಿದ್ದೆ. ಯಾರೇ ‘ಬಲ’ ಅಂದ ಕೂಡಲೇ ಉಳಿದವರು ಎರಡು ಪ್ರಶ್ನೆ ಕೇಳಬೇಕು: ಯಾರು ಹಾಕುತ್ತಿದ್ದಾರೆ? ಯಾರ ಮೇಲೆ? ಎರಡಕ್ಕೂ ಉತ್ತರ ಇಲ್ಲ ಅಂದರೆ ಅಲ್ಲಿ ಬಲ ಇಲ್ಲ. ಇದೊಂದೇ ಸಾಕು ಅಂತ ಹೇಳಲಾರೆ, ಆದರೆ 30 ವರ್ಷದಲ್ಲಿ ನನಗೆ ಇದಕ್ಕಿಂತ ಹೆಚ್ಚು ಕೆಲಸಕ್ಕೆ ಬಂದದ್ದು ಇನ್ನೊಂದಿಲ್ಲ.

ಉತ್ತರ 2: ಪಿಯು ಕಾಲೇಜು ಉಪನ್ಯಾಸಕ, ಹುಬ್ಬಳ್ಳಿ

ಸರ್ ಹೇಳಿದ್ದಕ್ಕೆ ನನ್ನ ಅನುಭವ ಸೇರಿಸುತ್ತೇನೆ. ಹತ್ತನೇ ತರಗತಿಯ ವಿಜ್ಞಾನದಲ್ಲಿ ಬೆಳಕು, ವಿದ್ಯುತ್, ಕಾಂತತೆ ಇವೆ, ಚಲನೆಯ ಪಾಠ ಇಲ್ಲ. ಅಂದರೆ ಒಂಬತ್ತರಲ್ಲಿ ಹೇಗೆ ಬಿಟ್ಟಿರೋ ಹಾಗೇ ಮಕ್ಕಳು ಮೊದಲ ಪಿಯುಗೆ ನನ್ನ ಮುಂದೆ ಬಂದು ಕೂರುತ್ತಾರೆ. ಜೂನ್ ತಿಂಗಳಲ್ಲಿ ನಾನು ಸದಿಶ, ಅವಕಲನ ಅಂತ ಶುರು ಮಾಡುತ್ತೇನೆ, ಅವರ ತಲೆಯಲ್ಲಿ ಇನ್ನೂ ಕಲ್ಲಿನೊಳಗೆ ಕಸುವು. ಅದರ ಮೇಲೆ ಸಿಇಟಿ, ನೀಟ್ ಕೋಚಿಂಗ್ ಬೇರೆ. ಲೆಕ್ಕ ಬಿಡಿಸುವ ಚಳಕ ಬರುತ್ತದೆ, ಬುಡ ಹಾಗೇ ಉಳಿಯುತ್ತದೆ. ಅದಕ್ಕೇ ನೀವು ಒಂಬತ್ತರಲ್ಲೇ ಇದನ್ನು ಹಿಡಿದದ್ದು ಎಷ್ಟು ದೊಡ್ಡದು ಅಂತ ನನಗೆ ಗೊತ್ತು.

ನಾನು ಮೊದಲ ವಾರ ಕೊಡುವ ಕೆಲವು ಪ್ರಶ್ನೆ ಹೇಳುತ್ತೇನೆ, ಹಳ್ಳಿಗೆ ಹೊಂದುವ ಹಾಗೆ ಬದಲಿಸಿಕೊಳ್ಳಿ.

ಬಸ್ಸಿನದು: ಹುಬ್ಬಳ್ಳಿ–ಗದಗ ರಸ್ತೆಯ ಒಂದು ನೇರ, ಸಮತಟ್ಟಾದ ಜಾಗದಲ್ಲಿ ಬಸ್ಸು ಗಂಟೆಗೆ 60 ಕಿಮೀಯಲ್ಲಿ ಹೆಚ್ಚೂ ಆಗದೆ ಕಡಿಮೆಯೂ ಆಗದೆ ಹೋಗುತ್ತಿದೆ. ಮುಂದಕ್ಕೆ ಒಯ್ಯುವ ಬಲ, ಹಿಂದಕ್ಕೆ ತಡೆಯುವ ಬಲ (ಗಾಳಿ, ಉರುಳುವ ಗಾಲಿಯ ತಡೆ ಎಲ್ಲಾ ಸೇರಿ), ಯಾವುದು ದೊಡ್ಡದು? ಮುಂದಿನದೇ ದೊಡ್ಡದು, ಇಲ್ಲದಿದ್ದರೆ ಬಸ್ಸು ಹೇಗೆ ಹೋಗುತ್ತದೆ ಅಂತ ಮುಕ್ಕಾಲು ಕ್ಲಾಸು ಹೇಳುತ್ತದೆ. ಎರಡೂ ಸಮ. ಮುಂದಿನದು ದೊಡ್ಡದಾಗಿದ್ದರೆ 60 ಇದ್ದದ್ದು 61, 62 ಆಗುತ್ತಾ ಹೋಗಬೇಕಿತ್ತು. ಒಟ್ಟು ಬಲ ಸೊನ್ನೆಯಾದರೆ ವೇಗ ಬದಲಾಗುವುದಿಲ್ಲ ಅನ್ನುವ ಮೊದಲ ನಿಯಮವನ್ನು ಅಚ್ಚುಕಟ್ಟಾಗಿ ಬರೆದ ಮಗುವೇ ಇದನ್ನು ತಪ್ಪು ಮಾಡುತ್ತದೆ. ಬರೆದದ್ದು ಈ ಬಸ್ಸಿನ ಬಗ್ಗೆಯೇ ಅಂತ ಅದಕ್ಕೆ ಹೊಳೆದೇ ಇರುವುದಿಲ್ಲ.

ಚಿಗರಿಯದು: ಹುಬ್ಬಳ್ಳಿ–ಧಾರವಾಡ ನಡುವೆ ಓಡುವ ಚಿಗರಿ ಬಸ್ಸಿನಲ್ಲಿ ನಿಂತಿದ್ದೀರಿ, ಉಣಕಲ್ ಹತ್ತಿರ ಡ್ರೈವರ್ ಗಕ್ಕನೆ ಬ್ರೇಕ್ ಹಾಕಿದರು, ನೀವು ಮುಂದಕ್ಕೆ ವಾಲಿದಿರಿ. ನಿಮ್ಮನ್ನು ಮುಂದಕ್ಕೆ ತಳ್ಳಿದ್ದು ಯಾರು? ಇಲ್ಲಿ ‘ಜಡತ್ವದ ಬಲ’ ಅಂತ ಬರೆಯುತ್ತಾರೆ. ಜಡತ್ವ ಅಂದರೆ ಇದ್ದ ಸ್ಥಿತಿಯಲ್ಲೇ ಉಳಿಯುವ ವಸ್ತುವಿನ ಗುಣ, ಬಲವಲ್ಲ. ಯಾರೂ ತಳ್ಳಿಲ್ಲ. ಬಸ್ಸಿನ ನೆಲ ನಿಮ್ಮ ಪಾದವನ್ನು ಹಿಂದಕ್ಕೆ ಎಳೆಯಿತು, ಮೇಲಿನ ಮೈ ಇದ್ದ ವೇಗದಲ್ಲೇ ಮುಂದೆ ಹೋಯಿತು. ಧಾರವಾಡದ ಸರ್ ಹೇಳಿದ ‘ಯಾರು, ಯಾರ ಮೇಲೆ’ ಇಲ್ಲಿ ಚೆನ್ನಾಗಿ ಕೂರುತ್ತದೆ.

ಚಕ್ಕಡಿಯದು: ಎತ್ತು ಚಕ್ಕಡಿಯನ್ನು 400 ನ್ಯೂಟನ್ ಬಲದಿಂದ ಎಳೆಯುತ್ತಿದೆ, ಚಕ್ಕಡಿಯ ವೇಗ ಏರುತ್ತಿದೆ. ಚಕ್ಕಡಿ ಎತ್ತನ್ನು ಹಿಂದಕ್ಕೆ ಎಳೆಯುವ ಬಲ ಎಷ್ಟು? 400ಕ್ಕಿಂತ ಕಡಿಮೆ ಅಂತಲೇ ಜಾಸ್ತಿ ಉತ್ತರ. ಸರಿ ಉತ್ತರ 400. ಇದನ್ನು ಹೇಳಿದ ತಕ್ಷಣ ‘ಹಂಗಾದ್ರ ಎರಡೂ ಕಡದು ಹೋಗಿ ಚಕ್ಕಡಿ ನಿಲ್ಲಬೇಕಲ್ರೀ’ ಅನ್ನುವ ಪ್ರಶ್ನೆ ಬರುತ್ತದೆ. ಬರಲೇಬೇಕು. ಬರದಿದ್ದರೆ ಅವರು ಯೋಚಿಸುತ್ತಿಲ್ಲ ಅಂತ ಅರ್ಥ. ಒಂದು ಬಲ ಇರುವುದು ಚಕ್ಕಡಿಯ ಮೇಲೆ, ಇನ್ನೊಂದು ಎತ್ತಿನ ಮೇಲೆ. ಬೇರೆ ಬೇರೆ ಖಾತೆಯ ಜಮಾ-ಖರ್ಚು ಒಂದರಲ್ಲಿ ಕಳೆಯುವುದಕ್ಕೆ ಬರುವುದಿಲ್ಲ. ಚಕ್ಕಡಿಯ ಖಾತೆ ತೆಗೆದರೆ ಮುಂದಕ್ಕೆ 400, ಹಿಂದಕ್ಕೆ ಗಾಲಿಯ ಕಡೆಯ ತಡೆ. 400 ಅದಕ್ಕಿಂತ ದೊಡ್ಡದು, ಅದಕ್ಕೇ ವೇಗ ಏರುತ್ತದೆ. ಎತ್ತಿನ ಖಾತೆಯಲ್ಲಿ, ಗೊರಸು ನೆಲವನ್ನು ಹಿಂದಕ್ಕೆ ಒದೆಯುತ್ತದೆ, ನೆಲ ಎತ್ತನ್ನು ಮುಂದಕ್ಕೆ ತಳ್ಳುತ್ತದೆ. ಕೆಸರಿನಲ್ಲಿ ಎತ್ತು ಜಾರಿದರೆ ಗಾಡಿ ಯಾಕೆ ಮುಂದೆ ಹೋಗುವುದಿಲ್ಲ ಅಂತ ರೈತರ ಮಕ್ಕಳನ್ನು ಕೇಳಿ, ಅರ್ಧ ಪಾಠ ಅವರೇ ಮಾಡುತ್ತಾರೆ.

ಪ್ರತಿ ಪ್ರಶ್ನೆಗೂ ಎರಡು ಭಾಗ ಇಡಿ. ಮೊದಲು ಉತ್ತರಕ್ಕೆ ಗುರುತು, ಕೆಳಗೆ ‘ಯಾಕೆಂದರೆ...’ ಅಂತ ಬಿಟ್ಟು ಒಂದೂವರೆ ಸಾಲು ಜಾಗ. ಸರಿ ಉತ್ತರ, ತಪ್ಪು ಕಾರಣ ಬರೆಯುವವರು ಬಹಳ ಜನ ಸಿಗುತ್ತಾರೆ. ಅಂಕ ಮಾತ್ರ ನೋಡಿದರೆ ಅವರು ನಿಮ್ಮ ಕಣ್ಣಿಗೆ ಬೀಳುವುದೇ ಇಲ್ಲ.

ಉತ್ತರ 3: ಮನೆಯಲ್ಲಿ ಟ್ಯೂಷನ್ ಹೇಳುವ ತಾಯಿ, ಗದಗ

ನಾನು ಬಿಎಸ್ಸಿ ಮಾಡಿದ್ದೇನೆ, ಕೆಲಸ ಮಾಡಿಲ್ಲ, ಮನೆಯಲ್ಲಿ ಏಳೆಂಟು ಮಕ್ಕಳಿಗೆ ಹೇಳಿಕೊಡುತ್ತೇನೆ. ಬಲದ ಬಗ್ಗೆ ದೊಡ್ಡವರು ಹೇಳಿದ್ದಾರೆ, ನಾನು ಗ್ರಾಫ್ ಬಗ್ಗೆ ಮಾತ್ರ ಹೇಳುತ್ತೇನೆ. ಇಲ್ಲೂ ಮಕ್ಕಳು ಚೆನ್ನಾಗಿ ಬಿಡಿಸಿ, ತಪ್ಪಾಗಿ ಓದುತ್ತಾರೆ.

ದೂರ-ಕಾಲ ಗ್ರಾಫ್ ಬಿಡಿಸಿ ಅಂದರೆ ಅಂಕಿ ಹಾಕಿ, ಚುಕ್ಕೆ ಇಟ್ಟು, ಸ್ಕೇಲ್ ಹಿಡಿದು ಗೆರೆ ಎಳೆಯುತ್ತಾರೆ. ಒಂದು ದಿನ ನಾನು ಅಂಕಿ ಇಲ್ಲದ ಗ್ರಾಫ್ ಕೊಟ್ಟೆ. ಮೊದಲು ಗೆರೆ ಏರುತ್ತದೆ, ನಡುವೆ ಸ್ವಲ್ಪ ಹೊತ್ತು ಅಡ್ಡಕ್ಕೆ ಮಟ್ಟಸವಾಗಿ ಹೋಗುತ್ತದೆ, ಮತ್ತೆ ಏರುತ್ತದೆ. ‘ಈ ಹುಡುಗ ಏನು ಮಾಡಿದ, ಕಥೆ ಹೇಳು’ ಅಂದೆ. ನನ್ನ ಮಗನೇ ‘ಕಪ್ಪತಗುಡ್ಡ ಹತ್ತಿದ, ಮ್ಯಾಲ ಸಪಾಟ ಜಾಗದಾಗ ಓಡಿದ, ಮತ್ತ ಹತ್ತಿದ’ ಅಂದ! ಗ್ರಾಫನ್ನು ಗುಡ್ಡದ ಚಿತ್ರ ಅಂದುಕೊಂಡಿದ್ದಾನೆ. ಅಡ್ಡ ಗೆರೆ ಅಂದರೆ ನಿಂತಿದ್ದಾನೆ, ದೂರ ಹೆಚ್ಚುತ್ತಿಲ್ಲ ಅಂತ ಅವನಿಗೆ ಕಾಣಲಿಲ್ಲ. ಲೆಕ್ಕದಲ್ಲಿ ಅವನು ಎಂದೂ ಸೋತಿಲ್ಲ, ಹಾಗಾಗಿ ನನಗೆ ಅಲ್ಲಿಯವರೆಗೆ ಗೊತ್ತೇ ಆಗಿರಲಿಲ್ಲ.

ಆಮೇಲೆ ನಾನು ಮಾಡಿದ್ದು: ಮನೆ ಮುಂದಿನ ಓಣಿಯಲ್ಲಿ ಸುಣ್ಣದಿಂದ ಹೆಜ್ಜೆ ಗುರುತು ಹಾಕಿದೆ. ಒಬ್ಬರು ಗ್ರಾಫ್ ನೋಡಿ ಹಾಗೇ ನಡೆಯಬೇಕು, ಉಳಿದವರು ಸರಿಯಾ ತಪ್ಪಾ ಹೇಳಬೇಕು. ಅಡ್ಡ ಗೆರೆ ಬಂದಾಗ ನಿಲ್ಲಬೇಕು. ಗೆರೆ ಕಡಿದಾದರೆ ಜೋರು ನಡೆಯಬೇಕು. ಅದೇ ಗೆರೆಯನ್ನು ವೇಗ-ಕಾಲ ಗ್ರಾಫ್ ಅಂತ ಹೇಳಿ ಮತ್ತೆ ನಡೆಸಿದೆ. ಈ ಸಲ ಅಡ್ಡ ಗೆರೆಗೆ ನಿಂತರೆ ಔಟ್, ಯಾಕೆಂದರೆ ವೇಗ ಇದೆ, ಬದಲಾಗುತ್ತಿಲ್ಲ ಅಷ್ಟೆ. ಇದೂ ಟೆಸ್ಟೇ ಅಲ್ವಾ? ಜೆರಾಕ್ಸ್ ಖರ್ಚೂ ಇಲ್ಲ.

ಹುಬ್ಬಳ್ಳಿ ಸ್ಟೇಷನ್ನಿನ ಪ್ಲಾಟ್‌ಫಾರ್ಮ್ 1507 ಮೀಟರ್ ಉದ್ದ, ಅದನ್ನೂ ಕೇಳುತ್ತೇನೆ. ಈ ತುದಿಯಿಂದ ಆ ತುದಿಗೆ ಹೋಗಿ ವಾಪಸ್ ಬಂದರೆ ದೂರ 3014 ಮೀಟರ್, ಸ್ಥಾನಪಲ್ಲಟ (ಹೊರಟ ಜಾಗದಿಂದ ಮುಟ್ಟಿದ ಜಾಗಕ್ಕೆ ನೇರ ಅಂತರ) ಸೊನ್ನೆ. ಇದು ಎಲ್ಲರಿಗೂ ಬರುತ್ತದೆ. ಆದರೆ ‘ಸರಾಸರಿ ವೇಗ (ಸ್ಥಾನಪಲ್ಲಟ ಭಾಗಿಸು ಕಾಲ) ಎಷ್ಟು’ ಅಂದಾಗ ಸೊನ್ನೆ ಅನ್ನಲು ಹೆದರುತ್ತಾರೆ, ಅಷ್ಟು ದೂರ ನಡೆದು ಕಾಲು ನೋಯುತ್ತಿರುವಾಗ ವೇಗ ಸೊನ್ನೆ ಹೇಗೆ ಅಂತ. ಜವ, ವೇಗದ ವ್ಯತ್ಯಾಸ ನಿಜವಾಗಿ ತಲೆಗೆ ಇಳಿಯುವುದು ಅಲ್ಲೇ.

ಉತ್ತರ 4: ಹೈಸ್ಕೂಲ್ ಶಿಕ್ಷಕ, ಧಾರವಾಡ ತಾಲೂಕು

ಎಲ್ಲಾ ಚೆನ್ನಾಗಿದೆ, ನಾನೂ ಒಪ್ಪುತ್ತೇನೆ. ಆದರೆ ಒಂದು ತೊಂದರೆ ಹೇಳಲೇಬೇಕು. ನನ್ನ ಕ್ಲಾಸಿನಲ್ಲಿ 60ರ ಮೇಲೆ ಮಕ್ಕಳು. ಪ್ರತಿಯೊಬ್ಬರ ‘ಯಾಕೆಂದರೆ’ ಓದುತ್ತಾ ಕೂತರೆ ವರ್ಷದ ನಾಲ್ಕು ಎಫ್‌ಎ, ಎರಡು ಎಸ್‌ಎ ಪರೀಕ್ಷೆ ಯಾವಾಗ ಮುಗಿಸುವುದು? ಪಾಲಕರು ಕೇಳುವುದು ಅಂಕ. ಇಂಥ ಪ್ರಶ್ನೆಗೆ ಮಕ್ಕಳಿಗೆ 20ಕ್ಕೆ 6 ಬಂದರೆ ಮರುದಿನ ಬಾಗಿಲಿಗೆ ಬರುತ್ತಾರೆ. ಕಳೆದ ವರ್ಷ ನಾನು ಮಾಡಿ ನೋಡಿದೆ, ಅಂಕಕ್ಕೆ ಸೇರಿಸಿದೆ, ಮಕ್ಕಳು ಅತ್ತರು, ಅದು ಇನ್ನೂ ಮನಸ್ಸಿನಲ್ಲಿ ಚುಚ್ಚುತ್ತದೆ. ಅವರು ಯೋಚಿಸಿ ಪ್ರಾಮಾಣಿಕವಾಗಿ ಬರೆದಿದ್ದಕ್ಕೆ ನಾನು ಅಂಕ ಕಳೆದೆ ಅನ್ನಿಸಿತು.

ಅದಕ್ಕೇ ಈಗ ಎರಡನ್ನೂ ಬೇರೆ ಇಟ್ಟಿದ್ದೇನೆ. ಅಂಕದ ಟೆಸ್ಟ್ ಮಾಮೂಲಿ. ಇದು ವಾರಕ್ಕೆ ಒಂದೇ ಪ್ರಶ್ನೆ, ಪೀರಿಯಡ್ಡಿನ ಮೊದಲ ಹತ್ತು ನಿಮಿಷ. ಬೋರ್ಡಿನ ಮೇಲೆ ಪ್ರಶ್ನೆ, ನಾಲ್ಕು ಆಯ್ಕೆ. ಎರಡು ನಿಮಿಷ ಯಾರೂ ಮಾತಾಡುವಂತಿಲ್ಲ. ‘ಹೂಂ’ ಅಂದಾಗ ಎಲ್ಲರೂ ಒಟ್ಟಿಗೆ ಎದೆಗೆ ಹತ್ತಿರ ಬೆರಳು ಹಿಡಿಯಬೇಕು, ಒಂದು, ಎರಡು, ಮೂರು, ನಾಲ್ಕು. ಕೈ ಮೇಲೆ ಎತ್ತಿಸಬೇಡಿ, ಪಕ್ಕದವರದ್ದು ನೋಡಿ ಬದಲಿಸುತ್ತಾರೆ. ನನಗೆ ಒಂದು ನೋಟದಲ್ಲಿ ಇಡೀ ಕ್ಲಾಸು ಕಾಣುತ್ತದೆ. ಸರಿ ಉತ್ತರ ಹೇಳುವುದಿಲ್ಲ. ‘ಪಕ್ಕದವರ ಉತ್ತರ ಬೇರೆ ಇದ್ದರೆ ಒಪ್ಪಿಸಿ ನೋಡಿ’ ಅನ್ನುತ್ತೇನೆ. ಮೂರು ನಿಮಿಷ ಗದ್ದಲ, ಮತ್ತೆ ಬೆರಳು. ಇದು ಮೊದಲ ಉತ್ತರದಲ್ಲಿ ಹೆಸರು ಬಂದ ಆ ಮಜೂರ್ ಅವರ ಪದ್ಧತಿಯೇ. ಅವರಿಗೆ ಉತ್ತರ ಒತ್ತುವ ಯಂತ್ರ ಇತ್ತು, ನಮಗೆ ಬೆರಳು. ಗದ್ದಲದಲ್ಲಿ ಓಡಾಡಿ ಕಿವಿ ಕೊಟ್ಟರೆ ‘ಯಾಕೆಂದರೆ’ ಎಲ್ಲಾ ಬಾಯಲ್ಲೇ ಕೇಳುತ್ತದೆ, ಪೇಪರ್ ಓದುವ ಕೆಲಸ ಇಲ್ಲ.

ಮಾತಾಡಿಸಿ ಕಲಿಸುವುದರಿಂದ ಫರಕು ಬೀಳುತ್ತದಾ ಅಂದರೆ, ಬೀಳುತ್ತದೆ. 1998ರಲ್ಲಿ ರಿಚರ್ಡ್ ಹೇಕ್ ಅನ್ನುವ ಭೌತಶಾಸ್ತ್ರದ ಪ್ರೊಫೆಸರು ಇಂಥ ಟೆಸ್ಟುಗಳಲ್ಲಿ ಅಮೆರಿಕದ 62 ಕೋರ್ಸುಗಳ 6000ಕ್ಕೂ ಜಾಸ್ತಿ ವಿದ್ಯಾರ್ಥಿಗಳ ಅಂಕ ಸೇರಿಸಿ ನೋಡಿದರು. ಮೊದಲ ಟೆಸ್ಟಿನಲ್ಲಿ ಗೊತ್ತಿಲ್ಲದ್ದರಲ್ಲಿ ಎಷ್ಟು ಪಾಲು ಕೊನೆಗೆ ಗೊತ್ತಾಯಿತು ಅಂತ ಲೆಕ್ಕ. ಬರೀ ಕೇಳಿಸಿಕೊಂಡ ಕ್ಲಾಸುಗಳಲ್ಲಿ ಸರಾಸರಿ 0.23, ಮಾತಾಡಿಸಿ ಮಾಡಿಸಿದ ಕ್ಲಾಸುಗಳಲ್ಲಿ 0.48. ಎರಡು ಪಟ್ಟು. ಈ ಲೆಕ್ಕ ನೀವೂ ಮಾಡಬಹುದು. ಪಾಠಕ್ಕೆ ಮುಂಚೆ ಐದು ಪ್ರಶ್ನೆ, ಪಾಠ ಆದ ಮೇಲೆ ಅದೇ ಐದು, ನಡುವೆ ಉತ್ತರ ಹೇಳಬಾರದು ಅಷ್ಟೆ.

ಪ್ರಶ್ನೆ ಕೇಳಿದವರು, ಒಂಬತ್ತು ದಿನದ ನಂತರ

ಎಲ್ಲರಿಗೂ ತುಂಬಾ ಧನ್ಯವಾದ. ಎಲ್ಲವನ್ನೂ ಎರಡೆರಡು ಸಲ ಓದಿದೆ. ಬೆರಳಿನ ಉಪಾಯದಿಂದಲೇ ಶುರು ಮಾಡಿದೆ.

ಮೊದಲು ಸೀಮೆಸುಣ್ಣ. ಆ ಹುಡುಗಿಯ ವಾಕ್ಯವನ್ನೇ ಮೊದಲನೇ ಆಯ್ಕೆಯಾಗಿ ಬರೆದೆ, ಹೆಸರು ಹೇಳಲಿಲ್ಲ. ನಾಲ್ಕೈದು ಮಕ್ಕಳು ಬಿಟ್ಟರೆ ಎಲ್ಲರದ್ದೂ ಒಂದು ಬೆರಳು. ಪಕ್ಕದವರ ಜೊತೆ ಮಾತಾಡಿದ ಮೇಲೆ ಇನ್ನೂ ಕೆಟ್ಟಿತು, ಇದ್ದ ನಾಲ್ಕೈದರಲ್ಲೂ ಇಬ್ಬರು ಒಂದಕ್ಕೆ ಬಂದರು. ನನಗೆ ಕೈಕಾಲು ಆಡಲಿಲ್ಲ. ಆಗ ಧಾರವಾಡದ ಸರ್ ಹೇಳಿದ್ದು ನೆನಪಾಗಿ ಬೋರ್ಡಿನ ಮೇಲೆ ದೊಡ್ಡದಾಗಿ ‘ಯಾರು? ಯಾರ ಮೇಲೆ?’ ಅಂತ ಬರೆದು ಸುಮ್ಮನೆ ನಿಂತೆ. ‘ನೀವ ಹಾಕೀರಿ’ ಅಂದರು. ನನ್ನ ಕೈ ಎಲ್ಲಿದೆ ತೋರಿಸಿ ಅಂದೆ. ಕೈ ಕೆಳಗಿತ್ತು. ‘ಗಾಳಿ ಹಾಕತೈತ್ರೀ’ ಅಂದ ಒಬ್ಬ. ಗಾಳಿ ಮೇಲೆ ತಳ್ಳುವುದಾದರೆ ಸೀಮೆಸುಣ್ಣ ಕೈಬಿಟ್ಟ ಕೂಡಲೇ ತಾನೇ ಮೇಲೆ ಹೋಗಬೇಕಿತ್ತಲ್ಲ ಅಂತ ಇನ್ನೊಬ್ಬಳೇ ಅವನಿಗೆ ಉತ್ತರ ಕೊಟ್ಟಳು. ‘ಭೂಮಿ ಐತ್ರೀ, ಆದ್ರ ಅದು ಕೆಳಕ್ಕ ಜಗ್ಗತೈತಿ’ ಅಂತ ಹಿಂದಿನ ಬೆಂಚಿನಿಂದ ಬಂತು. ಮೇಲಕ್ಕೆ ಯಾರು ಅಂತ ಮತ್ತೆ ಕೇಳಿದೆ. ಬಹಳ ಹೊತ್ತು ಯಾರೂ ಮಾತಾಡಲಿಲ್ಲ. ಕೊನೆಗೆ ಅದೇ ಹುಡುಗಿ ಮೆಲ್ಲಗೆ ‘ಮ್ಯಾಲಕ್ಕ ಯಾರೂ ಇಲ್ರೀ’ ಅಂದಳು. ಮರುಕ್ಷಣವೇ ‘ಹಂಗಾದ್ರ ನೀವು ಕೊಟ್ಟ ಕಸುವು ಎಲ್ಲಿ ಹೋತ್ರೀ?’ ಅಂತ ಕೇಳಿದಳು.

ನಾನು ಪಾಠದಲ್ಲಿ ಸಂವೇಗ ಅಂದರೆ ರಾಶಿ ಗುಣಿಸು ವೇಗ ಅಂತ ಹೇಳಿ ಮುಂದೆ ಹೋಗಿದ್ದೆ. ಅವಳು ಹುಡುಕುತ್ತಿದ್ದದ್ದು ಅದನ್ನೇ ಅಂತ ಆ ಕ್ಷಣಕ್ಕೆ ಹೊಳೆಯಿತು. ಬೋರ್ಡಿನ ಮೇಲೆ ಮೂರು ಕಡೆ ಸೀಮೆಸುಣ್ಣ ಬರೆದೆ, ಏರುವಾಗ, ತುದಿಯಲ್ಲಿ, ಇಳಿಯುವಾಗ. ಬಿಳಿ ಬಾಣ ಸಂವೇಗಕ್ಕೆ: ಮೇಲಕ್ಕೆ, ಸೊನ್ನೆ, ಕೆಳಕ್ಕೆ. ಕೆಂಪು ಬಾಣ ಬಲಕ್ಕೆ: ಮೂರೂ ಕಡೆ ಕೆಳಕ್ಕೆ, ಮೂರೂ ಒಂದೇ ಉದ್ದ. ‘ನೀನು ಮೊದಲು ಹೇಳಿದ್ದು ಬಿಳಿ ಬಾಣದ ಬಗ್ಗೆ, ಹೆಸರು ಮಾತ್ರ ಕೆಂಪಿನದು ಕೊಟ್ಟಿದ್ದಿ’ ಅಂದೆ. ಅವಳು ಆ ಚಿತ್ರವನ್ನು ನೋಟ್‌ಬುಕ್ಕಿನ ಹಿಂದಿನ ಪುಟದಲ್ಲಿ ಬರೆದುಕೊಂಡಿದ್ದಾಳೆ, ಕೆಂಪು ಪೆನ್ನನ್ನು ಪಕ್ಕದವಳ ಹತ್ತಿರ ಇಸಿದುಕೊಂಡು.

ಎರಡು ದಿನ ಬಿಟ್ಟು ಅದೇ ವಿಚಾರವನ್ನು ಬೇರೆ ರೂಪದಲ್ಲಿ ಕೇಳಿದೆ, ಒದ್ದ ಫುಟ್‌ಬಾಲ್ ಗಾಳಿಯಲ್ಲಿ ಇರುವಾಗ. ಅರ್ಧಕ್ಕಿಂತ ಸ್ವಲ್ಪ ಜಾಸ್ತಿ ಮಕ್ಕಳು ಸರಿ. ಉಳಿದವರು ಮತ್ತೆ ಒದ್ದ ಕಡೆಗೇ ಬಲ ಅಂದರು. ಸೀಮೆಸುಣ್ಣಕ್ಕೆ ಸರಿ ಹೇಳಿದ್ದವರೂ ಅವರಲ್ಲಿ ಇದ್ದರು, ಹಾಗಾಗಿ ಒಂದು ಪ್ರಶ್ನೆಯಿಂದ ಏನೂ ನಿರ್ಧಾರ ಮಾಡಬಾರದು ಅಂತ ಗೊತ್ತಾಯಿತು.

ಸೋಮವಾರ ಚಕ್ಕಡಿ ಪ್ರಶ್ನೆ. ಮುಂದಿನ ವಾರ ಖಾಲಿ ಗಾಡಾ (ಎತ್ತಿನ ಬಂಡಿ) ಓಟದ್ದು, ನಮ್ಮ ಕಡೆ ಜಾತ್ರೆಯಲ್ಲಿ ಒಂದು ನಿಮಿಷದಲ್ಲಿ ಗಾಡಾ ಎಷ್ಟು ದೂರ ಓಡಿತು ಅಂತ ಅಳೆಯುತ್ತಾರೆ. 60 ಸೆಕೆಂಡಿನಲ್ಲಿ 300 ಮೀಟರ್ ಓಡಿದರೆ ಸರಾಸರಿ ಜವ ಸೆಕೆಂಡಿಗೆ 5 ಮೀಟರ್, ಅದು ಎಲ್ಲರಿಗೂ ಬರುತ್ತದೆ. ನಾನು ಕೇಳಬೇಕೆಂದಿರುವುದು, ನಿಂತಲ್ಲಿಂದ ಹೊರಟ ಗಾಡಾ ಪೂರ್ತಿ ನಿಮಿಷ 5ರಲ್ಲೇ ಓಡಿತಾ, ನಡುವೆ ಎಲ್ಲಾದರೂ 5 ದಾಟಲೇಬೇಕಾ? ಇದಕ್ಕೆ ನಿಮ್ಮ ಮಕ್ಕಳು ಏನೇನು ತಪ್ಪು ಉತ್ತರ ಹೇಳುತ್ತಾರೆ ಅಂತ ಯಾರಾದರೂ ಕೇಳಿ ನೋಡಿ ಇಲ್ಲಿ ಹಾಕಿದರೆ, ಅವನ್ನೇ ಆಯ್ಕೆಗಳಾಗಿ ಇಡುತ್ತೇನೆ.